ಕಿರೀಟ, ಟೆನಿಸ್ ಬ್ಯಾಟು ಮತ್ತು ಬಾಗಿಲ ಬೆಲ್ಲು

ಬಾಗಿಲ ಬೆಲ್ಲು ಹೊಡೆದರೆ ಕೇಳಿಸುವುದಿಲ್ಲ. ಜನ ಮಾತಾಡಿಸದೆ ಮುಂದೆ ಹೋಗಿಬಿಡ್ತಾರೆ. 2019ರ ಜುಲೈನಲ್ಲಿ ದಕ್ಷಿಣ ಆಫ್ರಿಕಾದ ಎಂಬೊಂಬೆಲಾ ಎಂಬ ಊರಿನಲ್ಲಿ 'ಮಿಸ್ ಡೆಫ್ ವರ್ಲ್ಡ್' ಕಿರೀಟ ಗೆದ್ದ ವಿದಿಶಾ ಬಾಲಿಯಾನ್, ಗೆದ್ದ ಮೇಲೆ ತನ್ನ ಬಗ್ಗೆ ಬರೆದುಕೊಂಡಾಗ ಶುರು ಮಾಡಿದ್ದು ಇಂಥ ಸಣ್ಣ ಸಂಗತಿಗಳಿಂದ. ಆಗ ಅವಳಿಗೆ 21 ವರ್ಷ. ಉತ್ತರ ಪ್ರದೇಶದ ಮುಜಫ್ಫರನಗರದ ಹುಡುಗಿ. ಆ ಕಿರೀಟ ಗೆದ್ದ ಮೊದಲ ಭಾರತೀಯಳು ಅಂತ ಎಲ್ಲಾ ಪೇಪರುಗಳಲ್ಲೂ ಬಂತು. ಪ್ರತಿಭಾ ಪ್ರದರ್ಶನದ ಸುತ್ತಿನಲ್ಲಿ ಅವಳು ಮಾಡಿದ್ದು ತಾಂಡವ ನೃತ್ಯ. ಕಿವಿ ಕೇಳದ ಹುಡುಗಿ ತಾಂಡವ ಕುಣಿದಳು ಅಂದರೆ ಪೇಪರಿನವರಿಗೆ ಅದಕ್ಕಿಂತ ಒಳ್ಳೇ ಸುದ್ದಿ ಬೇಕೇ? ಹೆಡ್ಡಿಂಗುಗಳೂ ಹಾಗೇ ಇದ್ದವು. ಕಿವುಡುತನ ಮೆಟ್ಟಿ ನಿಂತವಳು, ಅಂಗವೈಕಲ್ಯ ಗೆದ್ದವಳು, ಇತ್ಯಾದಿ.

ಆದರೆ ಆ ಹುಡುಗಿಯ ಕಥೆಯಲ್ಲಿ ಮಧ್ಯದ ಒಂದು ಪ್ಯಾರಾ ಇದೆ. ಹೆಚ್ಚಿನ ಕಡೆ ಅದು ಒಂದೇ ಸಾಲಿನಲ್ಲಿ ಮುಗಿದುಹೋಗಿತ್ತು. ಅವಳು ಮೂಲತಃ ಟೆನಿಸ್ ಆಟಗಾರ್ತಿ. 2017ರಲ್ಲಿ ಟರ್ಕಿಯ ಸಾಮ್ಸುನ್‌ನಲ್ಲಿ ನಡೆದ ಡೆಫ್ಲಿಂಪಿಕ್ಸ್‌ನಲ್ಲಿ ಭಾರತದ ಪರ ಆಡಿದವಳು. ಅಲ್ಲಿ ತನಗೆ 5ನೇ ಸ್ಥಾನ ಬಂತು, ಟೆನಿಸ್ ತನಗೆ ಉಸಿರಾಟದಷ್ಟೇ ಮುಖ್ಯವಾಗಿಬಿಟ್ಟಿತ್ತು ಅಂತ ಅವಳೇ ಬರೆದುಕೊಂಡಿದ್ದಾಳೆ. ಆಮೇಲೆ ಬೆನ್ನಿಗೆ ಜೋರು ಪೆಟ್ಟಾಯಿತು. ಟೆನಿಸ್ ನಿಂತಿತು. ಬದುಕೋದಕ್ಕೆ ಕಾರಣವೇ ಕಾಣದಂಥ ದಿನಗಳು ಬಂದವು, ಮನೆಯವರು ಹಿಡಿದು ನಿಲ್ಲಿಸಿದರು. ಆಮೇಲೆ ಕಂಡ ಇನ್ನೊಂದು ದಾರಿ 'ಮಿಸ್ ಡೆಫ್ ಇಂಡಿಯಾ'. ಫ್ಯಾಷನ್ನು, ಮೇಕಪ್ಪು, ಹೈಹೀಲ್ಡು ಯಾವುದರ ಗಂಧಗಾಳಿಯೂ ಇಲ್ಲದ ಕ್ರೀಡಾಪಟು ಎಲ್ಲವನ್ನೂ ಕಲಿತು ಅದನ್ನು ಗೆದ್ದಳು. 2016ರ ರಿಯೋ ಪ್ಯಾರಾಲಿಂಪಿಕ್ಸ್‌ನಲ್ಲಿ ಗುಂಡು ಎಸೆತದಲ್ಲಿ ಬೆಳ್ಳಿ ಗೆದ್ದ ದೀಪಾ ಮಲಿಕ್ ಮತ್ತು ಅವರ ಮಗಳು ದೇವಿಕಾ ಅವಳನ್ನು ಸ್ಪರ್ಧೆಗೆ ತಯಾರು ಮಾಡಿದರು. ಆಮೇಲೆ ದಕ್ಷಿಣ ಆಫ್ರಿಕಾ.

ಅಂದರೆ, ಗಮನಿಸಿ, ಅವಳು ಎದ್ದು ಬಂದದ್ದು ಬೆನ್ನಿನ ಪೆಟ್ಟಿನಿಂದ. ಕಿವಿ ಮೊದಲು ಹೇಗಿತ್ತೋ ಹಾಗೇ ಇದೆ. ಟೆನಿಸ್ ಆಡುವಾಗಲೂ ಕೇಳ್ತಾ ಇರಲಿಲ್ಲ, ಕಿರೀಟ ಹಾಕಿಕೊಂಡ ಮಾರನೇ ದಿನ ಬೆಳಿಗ್ಗೆಯೂ ಕೇಳಿರುವುದಿಲ್ಲ. ಅದನ್ನ ಅವಳು ಯಾವಾಗ 'ಮೆಟ್ಟಿ ನಿಂತಳು'?

ನನಗೆ ಈ ಪದದ ಮೇಲೆ ಯಾಕಿಷ್ಟು ಸಿಟ್ಟು ಅಂತ ಕೇಳಿದರೆ ನನ್ನ ಎಡಗಿವಿಯ ಪುರಾಣ ಹೇಳಬೇಕಾಗುತ್ತೆ. ಸ್ವಲ್ಪ ಸಹಿಸಿಕೊಳ್ಳಿ.

2018ರ ಮಾರ್ಚ್. ಇಂಜಿನಿಯರಿಂಗ್ ಆರನೇ ಸೆಮಿಸ್ಟರು. ಒಂದು ಬೆಳಿಗ್ಗೆ ಹಾಸ್ಟೆಲ್ಲಿನಲ್ಲಿ ಎದ್ದರೆ ಎಡಗಿವಿಗೆ ಯಾರೋ ಹತ್ತಿ ತುರುಕಿದ ಹಾಗೆ. ಒಳಗೆ ಪ್ರೆಶರ್ ಕುಕ್ಕರ್ ಸೀಟಿ ಹೊಡೆಯೋದಕ್ಕೆ ಮೊದಲು ಬರುತ್ತಲ್ಲ, ಆ ಥರದ ಸದ್ದು. ಎದ್ದು ನಿಂತರೆ ರೂಮು ಒಂದು ಸುತ್ತು ತಿರುಗಿತು. ಅದೇ ದಿನ ಡಾಕ್ಟ್ರ ಹತ್ತಿರ ಹೋದೆ. ಶೀತ ಅಂದ್ರು, ಹನಿ ಔಷಧಿ ಕೊಟ್ರು. ವಾರ ಬಿಟ್ಟು ಮತ್ತೆ ಹೋದೆ. ಗುಗ್ಗೆ ತುಂಬಿದೆ ಅಂದ್ರು, ತೊಳೆದ್ರು. ಮೂರನೇ ವಾರದಲ್ಲಿ ಊರಿಂದ ಅಪ್ಪ ಬಂದು ಬೇರೊಬ್ಬ ಕಿವಿ-ಮೂಗು-ಗಂಟಲು ಡಾಕ್ಟ್ರ ಹತ್ತಿರ ಕರೆದುಕೊಂಡು ಹೋದರು. ಅವರು ಒಂದು ಶ್ರುತಿ ಕವೆ ತೆಗೆದು ಮೊಣಕೈಗೆ ಬಡಿದು ನನ್ನ ಹಣೆ ಮೇಲಿಟ್ಟು "ಯಾವ ಕಡೆ ಕೇಳ್ತಾ ಇದೆ?" ಅಂದರು. "ಬಲಗಡೆ" ಅಂದೆ. ಅವರ ಮುಖ ನೋಡಿದಾಗಲೇ ನನಗೆ ಅರ್ಥವಾಗಿತ್ತು. ಗುಗ್ಗೆಯೋ ಶೀತವೋ ಆಗಿದ್ದರೆ ಕೆಟ್ಟ ಕಿವಿಯಲ್ಲೇ ಜೋರಾಗಿ ಕೇಳಬೇಕಂತೆ. ಒಳ್ಳೇ ಕಿವಿಯಲ್ಲಿ ಕೇಳಿತು ಅಂದರೆ ತೊಂದರೆ ಒಳಗಿನ ನರದ್ದು.

ಇದಕ್ಕೆ ದಿಢೀರ್ ಕಿವುಡು ಅನ್ನಬಹುದು. ಮೂರು ದಿನದೊಳಗೆ, ಅಕ್ಕಪಕ್ಕದ ಮೂರು ಸ್ವರಮಟ್ಟಗಳಲ್ಲಿ ಕನಿಷ್ಠ 30 ಡೆಸಿಬಲ್ ಶ್ರವಣಶಕ್ತಿ ಬಿದ್ದುಹೋಗುವುದು. ಹೆಚ್ಚಿನವರಲ್ಲಿ ಕಾರಣ ಗೊತ್ತಾಗುವುದೇ ಇಲ್ಲ. ಸ್ಟೀರಾಯ್ಡ್ ಕೊಡ್ತಾರೆ, ಅದನ್ನ ಮೊದಲ ಎರಡು ವಾರದೊಳಗೆ ಶುರು ಮಾಡಿದರೆ ಪ್ರಯೋಜನ ಜಾಸ್ತಿ. ನನ್ನ ಎರಡು ವಾರ ಹನಿ ಔಷಧಿಯಲ್ಲಿ ಕಳೆದುಹೋಗಿತ್ತು. (ಇಷ್ಟು ಉದ್ದ ಬರೆದದ್ದು ಯಾಕೆ ಅಂದರೆ, ಓದ್ತಾ ಇರೋ ಯಾರಿಗಾದರೂ ರಾತ್ರಿ ಬೆಳಗಾಗೋದರೊಳಗೆ ಒಂದು ಕಿವಿ ಕೇಳದೇ ಹೋದರೆ ದಯವಿಟ್ಟು ಹನಿ ಔಷಧಿ ನಂಬಿಕೊಂಡು ಕೂರಬೇಡಿ. ಅವತ್ತೇ 'ಆಡಿಯೋಗ್ರಾಂ ಮಾಡಿ' ಅಂತ ಕೇಳಿ.)

ಆಮೇಲೆ ಮೈಸೂರಿನ ಮಾನಸಗಂಗೋತ್ರಿಯಲ್ಲಿರೋ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಗೆ ಹೋದದ್ದು. ಮೈಸೂರಿನವರು ಬರೀ 'ಸ್ಪೀಚ್ ಅಂಡ್ ಹಿಯರಿಂಗ್' ಅಂತಾರೆ, ಆಟೋದವರಿಗೆ ಅಷ್ಟು ಹೇಳಿದರೆ ಸಾಕು. 1960ರ ದಶಕದಿಂದ ಇರೋ ಸಂಸ್ಥೆ. ಸದ್ದೇ ಬರದ ಒಂದು ಕೋಣೆಯಲ್ಲಿ ಕೂರಿಸಿ, ಹೆಡ್‌ಫೋನ್ ಹಾಕಿ, ಕೇಳಿದಾಗಲೆಲ್ಲ ಗುಂಡಿ ಒತ್ತಿ ಅಂದ್ರು. ಬಲಗಿವಿ ಮುಗಿಯಿತು. ಎಡಗಿವಿ ಶುರುವಾಗಲಿ ಅಂತ ನಾನು ಕಾಯ್ತಾ ಕೂತಿದ್ದೆ. ಸುಮಾರು ಹೊತ್ತು ಕಾದೆ. ಗಾಜಿನ ಆ ಕಡೆಯಿಂದ ಆಡಿಯಾಲಜಿಸ್ಟ್ ಹುಡುಗಿ ನನ್ನನ್ನೇ ನೋಡ್ತಾ ಇದ್ದಳು. ಅದಾಗಲೇ ಶುರುವಾಗಿತ್ತು ಅಂತ ಆಮೇಲೆ ಗೊತ್ತಾಯ್ತು. ಆ ಕೋಣೆಯ ಹೊರಗೆ ಬೆಂಚಿನ ಮೇಲೆ ಎರಡು-ಮೂರು ವರ್ಷದ ಮಕ್ಕಳನ್ನ ತೊಡೆ ಮೇಲೆ ಕೂರಿಸಿಕೊಂಡು ಅಮ್ಮಂದಿರು ಕಾಯ್ತಾ ಇದ್ದರು. ರಾಯಚೂರಿನಿಂದ ಬಂದವರು, ಕೇರಳದಿಂದ ಬಂದವರು. ನನ್ನ ಒಂದು ಕಿವಿ ಅವರ ಮುಂದೆ ಯಾವ ಲೆಕ್ಕ ಅಂತ ಆವತ್ತು ಅನ್ನಿಸಿದ್ದು ನಿಜ.

ನಾನಾಗ ಕಾಲೇಜ್ ಟೀಮಿನಲ್ಲಿ ಶಟಲ್ ಆಡ್ತಿದ್ದೆ. ಡಬಲ್ಸ್. ಭಾರೀ ಆಟಗಾರ ಏನಲ್ಲ, ಆದರೆ ದಿನಾ ಸಂಜೆ ಎರಡು ಗಂಟೆ ಅದೇ ಪ್ರಪಂಚ. ಒಂದು ಕಿವಿ ಹೋದ ಮೇಲೆ ತಿಳಿದದ್ದು ಏನೆಂದರೆ, ಆಟದಲ್ಲಿ ಕಿವಿಗೆ ಎಷ್ಟು ಕೆಲಸ ಇರುತ್ತೆ ಅಂತ. ಪಾರ್ಟ್ನರ್ ಹಿಂದಿನಿಂದ "ಬಿಡೋ!" ಅಂತ ಕೂಗಿದರೆ ಎಲ್ಲಿಂದ ಕೂಗಿದ ಅಂತಲೇ ಗೊತ್ತಾಗ್ತಿರಲಿಲ್ಲ. ಸದ್ದು ಯಾವ ದಿಕ್ಕಿನಿಂದ ಬಂತು ಅನ್ನೋದನ್ನ ಮೆದುಳು ಲೆಕ್ಕ ಹಾಕೋದು ಎರಡೂ ಕಿವಿಗೆ ಅದು ತಲುಪೋ ಸಮಯದ ವ್ಯತ್ಯಾಸದಿಂದ. ಆ ವ್ಯತ್ಯಾಸ ಒಂದು ಮಿಲಿಸೆಕೆಂಡಿಗಿಂತಲೂ ಕಡಿಮೆ! ನಮ್ಮ ಸರ್ವರುಗಳು ಇಷ್ಟು ಚುರುಕಾಗಿದ್ದಿದ್ದರೆ ನಾನು ರಾತ್ರಿ ನೆಮ್ಮದಿಯಾಗಿ ಮಲಗಬಹುದಿತ್ತು :) ಒಂದು ಕಿವಿ ಹೋದರೆ ಆ ಲೆಕ್ಕದ ಒಂದು ಸಂಖ್ಯೆಯೇ ಹೋಯಿತು. ಮೂರು ಸಲ ಇಬ್ಬರೂ ಡಿಕ್ಕಿ ಹೊಡೆದುಕೊಂಡ ಮೇಲೆ ನಾನು ಬ್ಯಾಟು ಒಳಗಿಟ್ಟೆ.

ಮಾರನೇ ವರ್ಷ ಕೆಲಸಕ್ಕೆ ಸೇರಿ ಬೆಂಗಳೂರಿಗೆ ಬಂದ ಹೊಸತರಲ್ಲೇ ವಿದಿಶಾಳ ಸುದ್ದಿ ಓದಿದ್ದು. ಪಿ.ಜಿ.ಯ ಮಂಚದ ಮೇಲೆ ಕೂತು ಓದಿದಾಗ ಕಿರೀಟ ನನಗೆ ಕಾಣಲೇ ಇಲ್ಲ. ಕಂಡದ್ದು ಟೆನಿಸ್. ಈ ಹುಡುಗಿ ಅದು ಹೇಗೆ ಟೆನಿಸ್ ಆಡ್ತಿದ್ದಳು?

ಟೆನಿಸ್ ನೋಡುವವರಿಗೆ ಗೊತ್ತಿರುತ್ತೆ, ಬ್ಯಾಟಿನ ತಂತಿಗೆ ಚೆಂಡು ತಾಗುವ ಸದ್ದಿನಲ್ಲೇ ಅರ್ಧ ಸಮಾಚಾರ ಇರುತ್ತೆ. ಗಟ್ಟಿಯಾಗಿ ಹೊಡೆದನೋ, ಕೊಯ್ದು ಬಿಟ್ಟನೋ, ಅಂಚಿಗೆ ತಾಗಿತೋ. 2016ರಲ್ಲಿ ಯು.ಎಸ್. ಓಪನ್ನಿನ ದೊಡ್ಡ ಸ್ಟೇಡಿಯಂಗೆ ಮಡಚುವ ಛಾವಣಿ ಹಾಕಿದರಲ್ಲ, ಮಳೆ ಬಂದಾಗ ಅದರ ಮೇಲೆ ಬೀಳೋ ನೀರಿನ ಸದ್ದಿಗೆ ಚೆಂಡಿನ ಸದ್ದೇ ಕೇಳಲ್ಲ ಅಂತ ಆಟಗಾರರು ಗೊಣಗಿದ್ದರು. ಆಂಡಿ ಮರೆಯಂಥವನೂ ನಾವು ಕಣ್ಣಿನ ಜೊತೆ ಕಿವಿಯಿಂದಲೂ ಆಡ್ತೀವಿ ಅನ್ನೋ ಅರ್ಥದ ಮಾತು ಹೇಳಿದ್ದ. ಮನುಷ್ಯ ಸದ್ದಿಗೆ ಪ್ರತಿಕ್ರಿಯಿಸೋದು ಬೆಳಕಿಗೆ ಪ್ರತಿಕ್ರಿಯಿಸೋದಕ್ಕಿಂತ ಸ್ವಲ್ಪ ಬೇಗ, ಸುಮಾರು 40 ಮಿಲಿಸೆಕೆಂಡಿನಷ್ಟು. ಕಿವಿ ಕೇಳದ ಆಟಗಾರ ಆ ಚೂರು ಸಮಯವನ್ನ ಬೇರೆ ಎಲ್ಲಿಂದಲಾದರೂ ಸಂಪಾದಿಸಬೇಕು. ಎದುರಾಳಿಯ ಭುಜ, ಮಣಿಕಟ್ಟು, ಹೆಜ್ಜೆ, ಇವುಗಳನ್ನ ಓದಬೇಕು. ಲೆಟ್, ಔಟ್ ಅಂತ ಅಂಪೈರ್ ಕೂಗಿದ್ದು ಕೇಳಲ್ಲ, ಅದನ್ನೂ ಕಣ್ಣಲ್ಲೇ ನೋಡಬೇಕು.

ಕಾಕತಾಳೀಯ ನೋಡಿ, ವಿದಿಶಾ ಕಿರೀಟ ಗೆದ್ದ ಮುಂದಿನ ತಿಂಗಳೇ, 2019ರ ಆಗಸ್ಟ್‌ನಲ್ಲಿ, ದಕ್ಷಿಣ ಕೊರಿಯಾದ ಲೀ ಡಕ್-ಹೀ ಅಮೆರಿಕದ ವಿನ್‌ಸ್ಟನ್-ಸೇಲಂ ಟೂರ್ನಿಯಲ್ಲಿ ಸ್ವಿಟ್ಜರ್‌ಲೆಂಡಿನ ಹೆನ್ರಿ ಲಾಕ್ಸೊನೆನ್‌ನನ್ನ ಸೋಲಿಸಿದ. ಎ.ಟಿ.ಪಿ. ಮುಖ್ಯ ಸುತ್ತಿನಲ್ಲಿ ಒಂದು ಪಂದ್ಯ ಗೆದ್ದ ಮೊದಲ ಕಿವುಡ ಆಟಗಾರ ಅವನು. ನಾನು ಆ ಪಂದ್ಯದ ತುಣುಕುಗಳನ್ನ ಹುಡುಕಿ ಹುಡುಕಿ ನೋಡಿದೆ. ಎದುರಾಳಿ ಹೊಡೆಯೋದಕ್ಕೆ ಮೊದಲೇ ಅವನು ಹೊರಟಿರ್ತಾನೆ.

ಇನ್ನು ಡೆಫ್ಲಿಂಪಿಕ್ಸ್. ಇದರ ಬಗ್ಗೆ ನನಗೂ ಅಲ್ಲಿಯವರೆಗೆ ಏನೂ ಗೊತ್ತಿರಲಿಲ್ಲ. ಪ್ಯಾರಾಲಿಂಪಿಕ್ಸ್‌ನಲ್ಲೇ ಒಂದು ವಿಭಾಗ ಇರಬೇಕು ಅಂದುಕೊಂಡಿದ್ದೆ. ಅಲ್ಲವೇ ಅಲ್ಲ. ಪ್ಯಾರಾಲಿಂಪಿಕ್ಸ್ ಹುಟ್ಟಿದ್ದು 1960ರಲ್ಲಿ. ಕಿವುಡರು 1924ರಲ್ಲೇ ಪ್ಯಾರಿಸ್‌ನಲ್ಲಿ 9 ದೇಶಗಳನ್ನ ಸೇರಿಸಿ ತಮ್ಮದೇ ಕೂಟ ನಡೆಸಿಬಿಟ್ಟಿದ್ದರು. ಆಗ ಅದರ ಹೆಸರು ಮೌನ ಕ್ರೀಡಾಕೂಟ ಅನ್ನೋ ಅರ್ಥದ್ದು. ಟೆನಿಸ್ ಆವತ್ತಿನಿಂದಲೂ ಇದೆ. 'ಡೆಫ್ಲಿಂಪಿಕ್ಸ್' ಅನ್ನೋ ಹೆಸರು ಬಂದದ್ದು 2001ರಲ್ಲಿ. ಚೆನ್ನಾಗಿ ಕೇಳೋ ಕಿವಿಯಲ್ಲೂ ಕನಿಷ್ಠ 55 ಡೆಸಿಬಲ್ ನಷ್ಟ ಇದ್ದವರಿಗೆ ಮಾತ್ರ ಪ್ರವೇಶ. ನಾವು ಸಾಧಾರಣವಾಗಿ ಮಾತಾಡೋ ದನಿ 60ರ ಆಸುಪಾಸಿನಲ್ಲಿರುತ್ತೆ ಅಂದರೆ ಲೆಕ್ಕ ಹಾಕಿಕೊಳ್ಳಿ. (ನನ್ನ ಬಲಗಿವಿ ಚೆನ್ನಾಗಿರೋದರಿಂದ ನಾನು ಅನರ್ಹ. ಆಟವೂ ಅಷ್ಟಕ್ಕಷ್ಟೇ ಅನ್ನೋದು ಬೇರೆ ವಿಷಯ.) ಕಣಕ್ಕಿಳಿಯೋ ಮುಂಚೆ ಎಲ್ಲರೂ ಕಿವಿ ಮಿಷನ್ನು ತೆಗೆದಿಡಬೇಕು. ಓಟಕ್ಕೆ ಪಿಸ್ತೂಲಿನ ಜೊತೆ ದೀಪ ಹೊತ್ತುತ್ತೆ, ಫುಟ್‌ಬಾಲಿನಲ್ಲಿ ರೆಫರಿ ಬಾವುಟ ಬೀಸ್ತಾನೆ.

ವಿದಿಶಾ ಆಡಿದ 2017ರ ಆ ಕೂಟದಿಂದ ಭಾರತದ ತಂಡ 5 ಪದಕ ತಂದಿತು. ಕುಸ್ತಿಯಲ್ಲಿ ವೀರೇಂದರ್ ಸಿಂಗ್‌ಗೆ ಚಿನ್ನ. ತಂಡ ಆಗಸ್ಟ್ ಮೊದಲ ದಿನ ದೆಹಲಿ ವಿಮಾನ ನಿಲ್ದಾಣಕ್ಕೆ ಬಂದು ಇಳಿದರೆ ಸ್ವಾಗತಿಸೋದಕ್ಕೆ ಸರ್ಕಾರದ ಕಡೆಯಿಂದ ಒಬ್ಬರೂ ಇರಲಿಲ್ಲ. ಆಟಗಾರರು, ಕೋಚುಗಳು ಎಲ್ಲ ನಿಲ್ದಾಣದಿಂದ ಹೊರಗೆ ಹೋಗೋದಿಲ್ಲ ಅಂತ ಅಲ್ಲೇ ಪ್ರತಿಭಟನೆಗೆ ಕೂತರು. ಆ ವಾರದ ಪೇಪರುಗಳಲ್ಲಿ ಪದಕಕ್ಕಿಂತ ಅದೇ ದೊಡ್ಡ ಸುದ್ದಿ.

ಆಮೇಲೆ ಏನಾಯ್ತು ಅನ್ನೋದು ನನಗೆ ಇವತ್ತಿಗೂ ಸ್ವಾರಸ್ಯವಾಗಿ ಕಾಣುತ್ತೆ. ಆ ಕೂಟಕ್ಕೆ ಹೋಗಿದ್ದ ನಿಷ್ಠಾ ದುಡೇಜಾ ಎಂಬ ಇನ್ನೊಬ್ಬ ಟೆನಿಸ್ ಹುಡುಗಿ 2018ರಲ್ಲಿ ಪ್ರಾಗ್‌ನಲ್ಲಿ 'ಮಿಸ್ ಡೆಫ್ ಏಷ್ಯಾ' ಆದಳು. ಹರಿಯಾಣದ ಹುಡುಗಿ, ಮೊದಲು ಜೂಡೋ ಆಡ್ತಿದ್ದವಳು, 2013ರಲ್ಲಿ ಬಲ್ಗೇರಿಯಾದ ಡೆಫ್ಲಿಂಪಿಕ್ಸ್‌ಗೂ ಹೋಗಿದ್ದಳು. ಮರುವರ್ಷ ವಿದಿಶಾ. ಒಂದೇ ಕೂಟಕ್ಕೆ ಹೋದ ಇಬ್ಬರು ಟೆನಿಸ್ ಆಟಗಾರ್ತಿಯರು ಎರಡು ವರ್ಷದಲ್ಲಿ ಎರಡು ಕಿರೀಟ! ಬ್ಯಾಟು ಹಿಡಿದು ಬಂದಾಗ ಒಂದು ಹೂವಿನ ಹಾರಕ್ಕೂ ಗತಿಯಿರಲಿಲ್ಲ. ಕಿರೀಟ ಹಾಕಿಕೊಂಡು ಬಂದಾಗ ಟೀವಿಯವರು ಕಾಯ್ತಾ ಇದ್ದರು. ಅವರ ಟೆನಿಸ್ ಬಗ್ಗೆ ನನ್ನಂಥವನಿಗೆ ಗೊತ್ತಾದದ್ದೇ ಕಿರೀಟದಿಂದ. ಇದನ್ನ ಹೇಗೆ ತಗೋಬೇಕು ಅಂತ ನನಗೆ ತಿಳಿಯಲ್ಲ. ಬೇಜಾರಂತೂ ಇದೆ.

ವೀರೇಂದರ್ ಸಿಂಗ್ ಸುಮ್ಮನಿರಲಿಲ್ಲ. 2021ರ ನವೆಂಬರಿನಲ್ಲಿ ಪದ್ಮಶ್ರೀ ತಗೊಂಡ ಮಾರನೇ ದಿನವೇ ಪದಕವನ್ನ ಹಿಡಿದು ದೆಹಲಿಯ ಹರಿಯಾಣ ಭವನದ ಮುಂದೆ ಫುಟ್‌ಪಾತಿನ ಮೇಲೆ ಕೂತ. ಪ್ಯಾರಾ ಕ್ರೀಡಾಪಟುಗಳಿಗೆ ಕೊಡೋ ಹಕ್ಕು ಕಿವುಡ ಕ್ರೀಡಾಪಟುಗಳಿಗೂ ಕೊಡಿ ಅಂತ. ಆಮೇಲಾಮೇಲೆ ಸ್ವಲ್ಪ ಬದಲಾಯಿತು ಅನ್ನಿ. 2022ರ ಮೇನಲ್ಲಿ ಬ್ರೆಜಿಲ್‌ನ ಡೆಫ್ಲಿಂಪಿಕ್ಸ್‌ನಿಂದ 8 ಚಿನ್ನ ಸೇರಿ 16 ಪದಕ ತಂದಾಗ ಪ್ರಧಾನಿಯೇ ಮನೆಗೆ ಕರೆದು ಮಾತಾಡಿಸಿದರು.

ಸೌಂದರ್ಯ ಸ್ಪರ್ಧೆಗಳ ಮೇಲೆ ನನಗೆ ಅಂಥ ಪ್ರೀತಿಯೇನೂ ಇಲ್ಲ. 1996ರಲ್ಲಿ ಬೆಂಗಳೂರಿನ ಚಿನ್ನಸ್ವಾಮಿ ಸ್ಟೇಡಿಯಂನಲ್ಲಿ ವಿಶ್ವಸುಂದರಿ ಸ್ಪರ್ಧೆ ನಡೆದಾಗ ನಾನು ಹುಟ್ಟಿರಲಿಲ್ಲ. ರೈತಸಂಘ, ಮಹಿಳಾ ಸಂಘಟನೆಗಳು, ಎಡ-ಬಲ ಎಲ್ಲ ಸೇರಿ ವಿರೋಧಿಸಿದ್ದು, ಈಜುಡುಗೆಯ ಸುತ್ತನ್ನ ಸೇಶೆಲ್ಸ್‌ಗೆ ಒಯ್ದದ್ದು, ಇದನ್ನೆಲ್ಲ ಅಪ್ಪ ಈಗಲೂ ರಸವತ್ತಾಗಿ ಹೇಳ್ತಾರೆ. ಹೆಣ್ಣುಮಕ್ಕಳನ್ನ ಸಾಲಾಗಿ ನಿಲ್ಲಿಸಿ ಅಂಕ ಹಾಕೋದು ಯಾವ ಸೀಮೆ ಸ್ಪರ್ಧೆ ಅನ್ನೋದು ಅಪ್ಪನ ವಾದ. ನನ್ನದೂ ಹೆಚ್ಚುಕಡಿಮೆ ಅದೇ. ಆದರೆ ಹೆದರ್ ವೈಟ್‌ಸ್ಟೋನ್ ಕಥೆ ಓದಿದ ಮೇಲೆ ಆ ವಾದ ಒಂಚೂರು ಮೆತ್ತಗಾಗಿದೆ.

ಹೆದರ್ ಅಮೆರಿಕದ ಅಲಬಾಮಾದವಳು. 18 ತಿಂಗಳ ಮಗುವಿದ್ದಾಗ ಮಿದುಳುಪೊರೆಯ ಸೋಂಕು ಬಂದು ಸಾಯೋ ಹಾಗಾಯಿತು. ಔಷಧಿಯಿಂದ ಜೀವ ಉಳಿಯಿತು, ಕಿವಿ ಹೋಯಿತು. ಮೊದಮೊದಲು ಲಸಿಕೆಯಿಂದ ಹೀಗಾಯ್ತು ಅಂತಲೇ ಸುದ್ದಿಯಾಗಿತ್ತು, ಅಲ್ಲ, ಅದು ಹಿಬ್ ಅನ್ನೋ ಬ್ಯಾಕ್ಟೀರಿಯಾದ ಸೋಂಕಿನಿಂದ ಅಂತ ಆಮೇಲೆ ಡಾಕ್ಟ್ರು ಸ್ಪಷ್ಟ ಮಾಡಿದರು. ತಮಾಷೆ ಅಂದರೆ ಆ ಹಿಬ್ ತಡೆಯೋದಕ್ಕೇ ಈಗ ಲಸಿಕೆ ಇದೆ. ನಮ್ಮ ದೇಶದಲ್ಲಿ 2011ರ ಡಿಸೆಂಬರಿನಲ್ಲಿ ಕೇರಳ, ತಮಿಳುನಾಡಿನಿಂದ ಶುರುವಾಗಿ ಆಮೇಲೆ ಉಳಿದ ಕಡೆಗೂ ಬಂದ ಐದು-ರೋಗದ-ಒಂದೇ-ಸೂಜಿ, ಪೆಂಟಾವ್ಯಾಲೆಂಟ್ ಇದೆಯಲ್ಲ, ಅದರಲ್ಲಿ ಹಿಬ್ ಕೂಡ ಸೇರಿದೆ. ಅಕ್ಕನ ಮಗುವಿಗೆ ಆ ಸೂಜಿ ಹಾಕಿಸಿಕೊಂಡು ಬಂದು ರಾತ್ರಿಯೆಲ್ಲಾ ಅತ್ತಾಗ "ಇದೆಲ್ಲಾ ಯಾಕಾದ್ರೂ ಚುಚ್ಚಿಸ್ತೀರೋ" ಅಂದ ಅಜ್ಜಿಗೆ ನಾನು ಹೆದರ್ ಕಥೆ ಹೇಳಿದ್ದೆ.

ಹೆದರ್ ಬ್ಯಾಲೆ ಕಲಿತಳು. ಹಾಡು ಸರಿಯಾಗಿ ಕೇಳದ ಹುಡುಗಿ ಮಾತ್ರೆಗಳನ್ನ ಮನಸ್ಸಿನಲ್ಲೇ ಎಣಿಸಿಕೊಂಡು, ಕಂಪನಗಳನ್ನ ಹಿಡಿದುಕೊಂಡು ಕುಣಿಯೋದು. ಎಲ್ಲಿ ಒಂದು ಎಣಿಕೆ ತಪ್ಪಿತೋ ಮುಗೀತು, ಹಾಡು ಎಲ್ಲಿದೆ ಅಂತ ಹೇಳೋರು ಯಾರೂ ಇಲ್ಲ. 1994ರ ಸೆಪ್ಟೆಂಬರಿನಲ್ಲಿ ಅಟ್ಲಾಂಟಿಕ್ ಸಿಟಿಯಲ್ಲಿ, 1995ರ ಸಾಲಿನ 'ಮಿಸ್ ಅಮೆರಿಕಾ' ಸ್ಪರ್ಧೆಯಲ್ಲಿ ಅವಳು ಹೀಗೇ ಕುಣಿದಳು. ಕೊನೆಗೆ ಇಬ್ಬರು ಉಳಿದರು. ಗೆದ್ದವರ ಹೆಸರು ಕೂಗಿದರು. ಅವಳಿಗೆ ಕೇಳಲಿಲ್ಲ. ಸುಮ್ಮನೆ ನಿಂತಿದ್ದಳು. ಪಕ್ಕದಲ್ಲಿದ್ದವಳು, ಅಂದರೆ ಆ ಕ್ಷಣದಲ್ಲಿ ಸೋತವಳು, ಅವಳ ಕಡೆ ಬೆರಳು ತೋರಿಸಿ ನೀನೇ ಗೆದ್ದದ್ದು ಅಂತ ತಿಳಿಸಿದಳು. ಆಗ ಗೊತ್ತಾಯ್ತು.

ಆ ದೃಶ್ಯದ ವಿಡಿಯೋ ನೋಡಿದಾಗ ನನಗೆ ಹೊಟ್ಟೆಯೊಳಗೆ ಒಂಥರಾ ಆಯ್ತು. ಮೀಟಿಂಗ್‌ನಲ್ಲಿ ನನ್ನ ಹೆಸರು ಹೇಳಿ ಏನೋ ಕೇಳಿರ್ತಾರೆ, ನನಗೆ ಗೊತ್ತೇ ಆಗಿರಲ್ಲ, ಎದುರಿನವರೆಲ್ಲ ನನ್ನ ಕಡೆ ತಿರುಗಿದಾಗ ಹೊಳೆಯುತ್ತೆ. ಹೆದರ್‌ಳ ಮುಖದಲ್ಲಿ ಗೆಲುವಿನ ಖುಷಿಗಿಂತ ಒಂದೆರಡು ಸೆಕೆಂಡು ಮುಂಚೆ ಬಂದ ಆ ಭಾವ ಇದೆಯಲ್ಲ, 'ಈಗ ಏನಾಯ್ತು?' ಅನ್ನೋದು, ಅದು ನಂಗೆ ಚೆನ್ನಾಗಿ ಪರಿಚಯ.

ಎಲ್ಲರೂ ಅವಳನ್ನ ಮೆಚ್ಚಿದರು ಅಂತೇನಿಲ್ಲ. ಸಂಜ್ಞಾ ಭಾಷೆಯನ್ನೇ ತಾಯ್ನುಡಿ ಮಾಡಿಕೊಂಡ ಕಿವುಡ ಸಮುದಾಯದ ಹಲವರು, ಇವಳು ಬಾಯಲ್ಲಿ ಮಾತಾಡ್ತಾಳೆ, ಸನ್ನೆ ಬಳಸಲ್ಲ, ಇವಳು ನಮ್ಮ ಪ್ರತಿನಿಧಿ ಹೇಗಾಗ್ತಾಳೆ ಅಂತ ಕೇಳಿದರು. ಅವರ ಪ್ರಕಾರ ಕಿವುಡು ಅನ್ನೋದು ಖಾಯಿಲೆಯೇ ಅಲ್ಲ, ಅದೊಂದು ಭಾಷೆ, ಒಂದು ಸಮಾಜ. 'ಮೆಟ್ಟಿ ನಿಲ್ಲೋ' ಪ್ರಶ್ನೆಯೇ ಅಲ್ಲಿಲ್ಲ. ಕನ್ನಡಕ್ಕಾಗಿ ಜಗಳ ಆಡೋ ನಮಗೆ ಈ ಮಾತು ಅರ್ಥವಾಗಬೇಕು. 2002ರಲ್ಲಿ ಹೆದರ್ ಕಾಕ್ಲಿಯರ್ ಇಂಪ್ಲಾಂಟ್ ಹಾಕಿಸಿಕೊಂಡಳು. ಅವಳ ಪುಟ್ಟ ಮಗ ಬಿದ್ದು ಅಳ್ತಾ ಇದ್ದದ್ದು ತನಗೆ ಕೇಳಲಿಲ್ಲ ಅನ್ನೋದು ಕಾರಣ. ಅದಕ್ಕೂ ಟೀಕೆ ಬಂತು. ನನಗಂತೂ ಎರಡೂ ಕಡೆಯವರು ಸರಿ ಅನ್ನಿಸುತ್ತೆ. ಮಗ ಅತ್ತದ್ದು ಕೇಳಬೇಕು ಅನ್ನೋ ಆಸೆಗೆ ಯಾರು ಏನು ಅನ್ನೋದಕ್ಕಾಗುತ್ತೆ?

ನನ್ನ ಅಮ್ಮನ ಕಥೆ ಬೇರೆ. ನನ್ನ ಕಿವಿಯ ವಿಷಯ ಅವಳ ಬಾಯಲ್ಲಿ ಯಾವಾಗಲೂ ಪಿಸುಮಾತು. (ಪಿಸುಮಾತಾದ್ದರಿಂದ ನನಗೆ ಕೇಳಲ್ಲ ಅಂದುಕೊಂಡಿದ್ದಾಳೆ!) ಕಳೆದ ವರ್ಷದಿಂದ ಮನೆಯಲ್ಲಿ ಜಾತಕ ಅಲ್ಲಿ ಇಲ್ಲಿ ಓಡಾಡ್ತಾ ಇದೆ. "ಹುಡುಗಿ ಮನೆಯೋರ ಎದುರಿಗೆ ಬಲಗಡೆ ನೋಡ್ಕಂಡು ಕೂತ್ಕ, ಸಾಕು. ಮೊದಲೇ ಎಂತಕ್ಕೆ ಹೇಳಕ್ಕು?" ಅಂತಾಳೆ. "ಅಮ್ಮಾ, ಮದುವೆ ಆದ್ಮೇಲೆ ಅವಳು ಎಡಗಡೆ ತಾನೇ ಕೂರೋದು?" ಅಂದೆ. ಅಪ್ಪ ನಕ್ಕರು. ಅಮ್ಮ ನಗಲಿಲ್ಲ. ಅವಳ ಭಯ ಸುಳ್ಳಲ್ಲ. ನಮ್ಮ ಸಿನಿಮಾಗಳಲ್ಲಿ, ನಾಟಕಗಳಲ್ಲಿ ಕಿವುಡ ಅಂದರೆ ನಗಿಸೋದಕ್ಕೇ ಇರೋ ಪಾತ್ರ. 'ಎತ್ತು' ಅಂದರೆ 'ಮುತ್ತು' ಅನ್ನೋವನು. ಕುರುಡರ ಬಗ್ಗೆ ಯಾರೂ ಅಷ್ಟು ಸಲೀಸಾಗಿ ಜೋಕು ಮಾಡಲ್ಲ. ಅದಕ್ಕೇ ಕಿವಿ ಮಿಷನ್ನುಗಳು ಚರ್ಮದ ಬಣ್ಣದಲ್ಲಿ ಬರ್ತವೆ. ಹುಡುಗಿಯರು ಕೂದಲು ಇಳಿಬಿಡ್ತಾರೆ. ಕನ್ನಡಕ ಮಾತ್ರ ಕೆಂಪು, ನೀಲಿ, ಹಳದಿ, ಯಾವ ಫ್ರೇಮು ಬೇಕು ಹೇಳಿ!

ಹೀಗೆ ಬಚ್ಚಿಡೋದರ ವಿರುದ್ಧ ಒಂದು ಒಳ್ಳೇ ಏಟು ಬಿದ್ದದ್ದು, ವಿಚಿತ್ರ ನೋಡಿ, ಇನ್ನೊಂದು ಸೌಂದರ್ಯ ಸ್ಪರ್ಧೆಯಲ್ಲೇ. 2014ರಲ್ಲಿ ಸಿಯೆರಾ ಸ್ಯಾಂಡಿಸನ್ ಎಂಬ ಹುಡುಗಿ 'ಮಿಸ್ ಐಡಾಹೋ' ಸ್ಪರ್ಧೆಯ ಈಜುಡುಗೆ ಸುತ್ತಿನಲ್ಲಿ, ಸೊಂಟಕ್ಕೆ ಸಿಕ್ಕಿಸಿದ ಇನ್ಸುಲಿನ್ ಪಂಪು ಎಲ್ಲರಿಗೂ ಕಾಣೋ ಹಾಗೆ ನಡೆದಳು. ಅದಕ್ಕೆ ಎರಡು ವರ್ಷ ಹಿಂದೆ ಅವಳಿಗೆ ಟೈಪ್ 1 ಡಯಾಬಿಟಿಸ್ ಅಂತ ಗೊತ್ತಾಗಿತ್ತು. ಪಂಪ್ ಹಾಕಿಕೊಂಡು 1999ರ 'ಮಿಸ್ ಅಮೆರಿಕಾ' ಆಗಿದ್ದ ನಿಕೋಲ್ ಜಾನ್ಸನ್‌ಳ ಕಥೆ ಕೇಳಿ ಧೈರ್ಯ ಬಂದಿತ್ತಂತೆ. ಗೆದ್ದಳು. ಆ ಫೋಟೋ ಹಾಕಿ ನಿಮ್ಮ ಪಂಪು ತೋರಿಸಿ ಅಂತ ಬರೆದದ್ದೇ ತಡ, ಪ್ರಪಂಚದ ಮೂಲೆಮೂಲೆಯಿಂದ ಜನ ಪಂಪಿನ ಜೊತೆಗಿನ ತಮ್ಮ ಫೋಟೋ ಹಾಕತೊಡಗಿದರು. ಡಯಾಬಿಟಿಸ್ ಹೋಗಲಿಲ್ಲ, ಸೊಂಟದ ಮೇಲಿತ್ತು, ಕಿರೀಟ ತಲೆ ಮೇಲಿತ್ತು. ಎರಡೂ ಒಟ್ಟಿಗೆ. ಇಂಥದ್ದನ್ನ ನಮ್ಮ ಹೆಡ್ಡಿಂಗು ಬರೆಯೋರು ಯಾವ ಕ್ರಿಯಾಪದ ಹಾಕಿ ಹೇಳ್ತಾರೋ ನೋಡಬೇಕು.

ಮತ್ತೆ ವಿದಿಶಾಳಿಗೆ ಬರ್ತೀನಿ. ಅವಳ ಕಥೆಯಲ್ಲಿ ನನಗೆ ಈಗಲೂ ಕಾಡೋದು ಬೆನ್ನು ಹಿಡಿದು ಮಲಗಿದ ಆ ದಿನಗಳು. ಕಿವಿಯ ಜೊತೆ ಅವಳು ರಾಜಿಯಾಗಿದ್ದಳು, ಅದಕ್ಕೆ ಬೇಕಾದ ಆಟವನ್ನ, ದಾರಿಯನ್ನ ಮಾಡಿಕೊಂಡಿದ್ದಳು. ಹಾಗೆ ಕಟ್ಟಿಕೊಂಡದ್ದನ್ನ ಬೆನ್ನು ಬಂದು ಕೆಡವಿತು. ಕೇಳದಿದ್ದರೇನಂತೆ ಆಡ್ತೀನಿ ಅನ್ನೋ ಉತ್ತರವೇ ಕೈತಪ್ಪಿಹೋದರೆ ಏನು ಮಾಡೋದು? ಅವಳು ಟೆನಿಸ್‌ಗೆ ಮರಳಿ ಹೋಗಿ ಗೆದ್ದಳು ಅನ್ನೋ ಕಥೆ ಇದಲ್ಲ. ಟೆನಿಸ್ ಹೋಯಿತು. ಅದರ ಜಾಗಕ್ಕೆ, ತನಗೆ ಗೊತ್ತೇ ಇಲ್ಲದ ಇನ್ನೊಂದನ್ನ ಸೊನ್ನೆಯಿಂದ ಕಲಿತಳು. ದಿನಕ್ಕೆ ಗಂಟೆಗಟ್ಟಲೆ ಕೋರ್ಟಿನಲ್ಲಿ ಬೆವರು ಹರಿಸಿದ ಅಭ್ಯಾಸ ಇತ್ತಲ್ಲ, ಅದೇ ಹೈಹೀಲ್ಡ್ ಮೇಲೆ ನಡೆಯೋದಕ್ಕೂ, ತಾಂಡವಕ್ಕೂ ಬಂತು. ಮನಸ್ಸಿಟ್ಟರೆ ತಾನು ಶ್ರಮವನ್ನಾಗಲೀ ಸಮಯವನ್ನಾಗಲೀ ಲೆಕ್ಕ ಹಾಕೋದಿಲ್ಲ ಅಂತ ಅವಳೇ ಬರೆದಿದ್ದಾಳೆ. ಅದು ಸೌಂದರ್ಯವತಿಯ ಮಾತಲ್ಲ, ಅಪ್ಪಟ ಆಟಗಾರ್ತಿಯ ಮಾತು.

ನಾನೂ ಮತ್ತೆ ಶಟಲ್ ಶುರು ಮಾಡಿದ್ದೀನಿ. ವಿದಿಶಾ ಸುದ್ದಿ ಓದಿ ಮಾರನೇ ದಿನವೇ ಬ್ಯಾಟು ತೆಗೆದೆ ಅಂತ ಬರೆದರೆ ಚೆನ್ನಾಗಿರುತ್ತಿತ್ತು, ಆದರೆ ಹಾಗಾಗಲಿಲ್ಲ. ಕೋವಿಡ್ ಎಲ್ಲಾ ಮುಗಿದು, 2022ರಲ್ಲಿ ಆಫೀಸಿನ ಒಬ್ಬ ಬಲವಂತ ಮಾಡಿ ಕರೆದುಕೊಂಡು ಹೋದ. ಮೊದಲ ದಿನವೇ ಹೇಳಿಬಿಟ್ಟೆ, ಎಡಗಿವಿ ಕೇಳಲ್ಲ ಮಾರಾಯಾ, ಕೂಗಬೇಡ, ನನ್ನ ಬಲಗಡೆ ಇರು ಅಂತ. ಅವನು ಸ್ವಲ್ಪ ಯೋಚಿಸಿ, "ಹಂಗಾದ್ರೆ ಸರ್ವೀಸಿಗೆ ಮುಂಚೆ ಬೆನ್ನ ಹಿಂದೆ ಬೆರಳು ತೋರಿಸ್ತೀನಿ, ಒಂದು ಅಂದ್ರೆ ನಿಂದು, ಎರಡು ಅಂದ್ರೆ ನಂದು" ಅಂದ. ದೊಡ್ಡ ದೊಡ್ಡ ಡಬಲ್ಸ್ ಆಟಗಾರರು, ಎರಡೂ ಕಿವಿ ಇರೋರು, ಮಾಡೋದೂ ಅದನ್ನೇ. ನಾವೀಗ ಡಿಕ್ಕಿ ಹೊಡೆಯೋದು ವಾರಕ್ಕೊಮ್ಮೆ ಮಾತ್ರ.

ಅಂದ ಹಾಗೆ, ನಿಮ್ಮಲ್ಲಿ ಯಾರಾದರೂ ಎಲ್ಲಾದರೂ ಸಿಕ್ಕು, ಮಾತಾಡಿಸಿದರೂ ನಾನು ತಿರುಗಿ ನೋಡದೇ ಹೋದರೆ ಕೊಬ್ಬು ಅಂದುಕೋಬೇಡಿ. ಬಲಗಡೆಗೆ ಬನ್ನಿ :)